ಮರಳು ಕಾಗದಕ್ಕೆ ಮರುಳಾದವರು

ಟಿ.ವಿ. ಜಾಹೀರಾತಿನಲ್ಲಿ ಕಲೆಯಾದ ಅಂಗಿ ಒಂದೇ ಅದ್ದಿಗೆ ಬೆಳ್ಳಗಾಗುತ್ತದೆ. 'ಪ್ರಯೋಗ ಮಾಡಿಯೇ ತೋರಿಸಿದರಲ್ಲ!' ಎಂದು ಮಕ್ಕಳು ವಾದಿಸುತ್ತಾರೆ. ತೋರಿಸಿದ್ದೆಲ್ಲ ಪ್ರಯೋಗವೇ?

1959ರಲ್ಲಿ ಅಮೆರಿಕದ ಟಿ.ವಿ.ಯಲ್ಲಿ ಕೋಲ್ಗೇಟ್-ಪಾಮೋಲಿವ್ ಕಂಪನಿಯ 'ರ‍್ಯಾಪಿಡ್ ಶೇವ್' ಎಂಬ ಕ್ಷೌರದ ನೊರೆಯ ಜಾಹೀರಾತು ಬಂತು. ಬಡಗಿಗಳು ಮರ ಉಜ್ಜುವ ಒರಟು ಮರಳು ಕಾಗದಕ್ಕೆ ನೊರೆ ಹಚ್ಚಿ ರೇಜರ್ ಎಳೆದರು. ಒಂದೇ ಎಳೆತಕ್ಕೆ ಮರಳೆಲ್ಲ ಮಾಯ! ಮರಳನ್ನೇ ಬೋಳಿಸುವ ನೊರೆಗೆ ಗಡ್ಡ ಯಾವ ಲೆಕ್ಕ?

ಅಲ್ಲಿನ ಫೆಡರಲ್ ಟ್ರೇಡ್ ಕಮಿಷನ್ ವಿಚಾರಣೆ ನಡೆಸಿದಾಗ ಗುಟ್ಟು ಬಯಲಾಯಿತು. ಅದು ಮರಳು ಕಾಗದವೇ ಅಲ್ಲ! ಪ್ಲೆಕ್ಸಿಗ್ಲಾಸ್ ಎಂಬ ಪ್ಲಾಸ್ಟಿಕ್ ಹಾಳೆಯ ಮೇಲೆ ಹರಡಿದ ಮರಳು. ನಿಜವಾದ ಕಾಗದದಲ್ಲಿ ಮರಳು ಅಂಟಿನಿಂದ ಭದ್ರವಾಗಿ ಕೂತಿರುತ್ತದೆ. ಅದನ್ನು ಹಾಗೆ ಬೋಳಿಸಬೇಕಾದರೆ ಸುಮಾರು 80 ನಿಮಿಷ ನೆನೆಸಬೇಕಿತ್ತು.

ನಿಜವಾದ ಮರಳು ಕಾಗದ ಟಿ.ವಿ.ಯಲ್ಲಿ ಬರೀ ಬಣ್ಣದ ಕಾಗದದಂತೆ ಕಾಣುತ್ತದೆ, ಅದಕ್ಕಾಗಿ ಬದಲಿ ವಸ್ತು ಬಳಸಿದೆವು ಎಂಬುದು ಸಮರ್ಥನೆ. 1965ರಲ್ಲಿ ಅಮೆರಿಕದ ಸುಪ್ರೀಂ ಕೋರ್ಟ್ ಇದನ್ನು ಒಪ್ಪಲಿಲ್ಲ. ಮುಖ್ಯ ನ್ಯಾಯಮೂರ್ತಿ ಅರ್ಲ್ ವಾರನ್ ಬರೆದ ತೀರ್ಪಿನ ಸಾರ ಇಷ್ಟು: ಹೇಳಿಕೆ ನಿಜವೇ ಇದ್ದರೂ, 'ಕಣ್ಣಾರೆ ನೋಡಿ' ಎಂದು ಸಾಕ್ಷಿ ಕೊಡುವಾಗ ಬದಲಿ ವಸ್ತುವನ್ನು ಮುಚ್ಚಿಡುವುದು ಮೋಸ. ಸ್ಟುಡಿಯೋದ ದೀಪಗಳ ಶಾಖಕ್ಕೆ ಐಸ್‌ಕ್ರೀಮ್ ಕರಗುತ್ತದೆಂದು ಬಟ್ಟಲಿನಲ್ಲಿ ಆಲೂಗಡ್ಡೆ ಮುದ್ದೆ ಇಟ್ಟರೆ ತಪ್ಪಿಲ್ಲ. ಆದರೆ ಅದೇ ಮುದ್ದೆಯನ್ನು ತೋರಿಸಿ, ನಮ್ಮ ಐಸ್‌ಕ್ರೀಮ್ ಎಷ್ಟು ನುಣುಪು ನೋಡಿ ಎನ್ನುವಂತಿಲ್ಲ.

ಜಾಹೀರಾತು ನೋಡುವಾಗ ಮಕ್ಕಳೇ, ಮೂರು ಪ್ರಶ್ನೆ ಕೇಳಿಕೊಳ್ಳಿ. ತೋರಿಸಿದ ವಸ್ತು ಹೇಳಿದ ವಸ್ತುವೇ? ನಡುವೆ ಎಷ್ಟು ಹೊತ್ತು ಕತ್ತರಿಸಿದ್ದಾರೆ? ಯಾವುದರೊಡನೆ ಹೋಲಿಸಿದ್ದಾರೆ? ಬರೀ ನೀರಿನಲ್ಲಿ ಅದ್ದಿದ ಇನ್ನೊಂದು ಅಂಗಿ ಪಕ್ಕದಲ್ಲಿಲ್ಲದಿದ್ದರೆ, ಕಲೆ ತೆಗೆದದ್ದು ಪುಡಿಯೋ ನೀರೋ ಹೇಳುವುದು ಹೇಗೆ?

ಈ ತೀರ್ಪು ನಮ್ಮ ಶಾಲೆ-ಕಾಲೇಜುಗಳ ಪ್ರಯೋಗಶಾಲೆಗೂ ಸಲ್ಲುತ್ತದೆ. ಲೋಲಕದ ಪ್ರಯೋಗದಲ್ಲಿ ಗುರುತ್ವ ವೇಗೋತ್ಕರ್ಷ ಸೆಕೆಂಡಿನ ವರ್ಗಕ್ಕೆ ಸುಮಾರು 980 ಸೆಂ.ಮೀ. ಬರಬೇಕೆಂದು ವಿದ್ಯಾರ್ಥಿಗೆ ಮೊದಲೇ ಗೊತ್ತು. ಅದಕ್ಕೆ ಹೊಂದುವ ಅಳತೆಗಳನ್ನು ಮನೆಯಲ್ಲೇ ಕುಳಿತು ರೆಕಾರ್ಡ್ ಪುಸ್ತಕದಲ್ಲಿ ತುಂಬಿದರೆ ಉತ್ತರವೇನೋ ಸರಿ, ಆದರೆ ಪ್ರಯೋಗ ನಡೆದಿಲ್ಲ. ಅದೂ ಪ್ಲೆಕ್ಸಿಗ್ಲಾಸ್ ಮೇಲೆ ಹರಡಿದ ಮರಳೇ. ಅಳೆದಾಗ 940 ಬಂದಿದ್ದರೆ 940 ಎಂದೇ ಬರೆಯಲಿ. ದಾರದ ಉದ್ದ ತಪ್ಪಿತೋ, ಆಂದೋಲನಗಳ ಎಣಿಕೆ ತಪ್ಪಿತೋ ಎಂದು ಹುಡುಕಲಿ. ಪಾಲಕರೇ, ಆ 940ಕ್ಕೆ ಅಂಕ ಕಡಿಮೆ ಬಂದರೆ ಮಗುವನ್ನು ಗದರಿಸಬೇಡಿ. ಅದು ನಿಜವಾಗಿ ಅಳೆದ ಅಂಕಿ.