ಅಪೀಲು ಹಿಂತೆಗೆಯಿರಿ, ಬರಹ ಆದ ಮೇಲೆ

ಮನೆಯೊಳಗಿನ ಜಾಗದ ಜಗಳ ಕೋರ್ಟಿನಲ್ಲಿ ಇರಬಾರದು, ಅಪೀಲು ಹಿಂತೆಗೆಯಿರಿ ಎಂದು ಜಮಾಅತಿನ ಹಿರಿಯರು ಹೇಳುವುದು ಹೊಸತಲ್ಲ. ನಾನೂ ಆ ಮಾತಿನ ಪರವೇ. ಕಾಸರಗೋಡಿನ ಮುನ್ಸಿಫ್ ಕೋರ್ಟಿನಲ್ಲಿ ಶುರುವಾದ ಹತ್ತು ಸೆಂಟ್ಸಿನ ಕೇಸು ಎರಡನೇ ಅಪೀಲಿಗೆ ಎರ್ನಾಕುಳಂ ಹೈಕೋರ್ಟು ಮುಟ್ಟುವಾಗ ವಾದಿ, ಪ್ರತಿವಾದಿ ಇಬ್ಬರೂ ಪಳ್ಳಿಯ ಖಬರ್‌ಸ್ತಾನದಲ್ಲಿ ಇರುವುದುಂಟು, ಅಕ್ಕಪಕ್ಕದಲ್ಲೇ.

ಆದರೆ ಹಿಂತೆಗೆಯಿರಿ ಎಂದು ನಾವು ಯಾರಿಗೆ ಹೇಳುತ್ತಿದ್ದೇವೆ?

ನಮ್ಮಲ್ಲಿ ಸಾಮಾನ್ಯವಾದ ಒಂದು ಜಗಳವನ್ನೇ ತೆಗೆದುಕೊಳ್ಳಿ. ಮನೆ ಮಗಳಿಗೆ ಎಂದು ಉಪ್ಪ ಬಾಯಿಮಾತಿನಲ್ಲಿ ಹೇಳಿದ್ದರು. ಬಾಯಿಮಾತಿನ ಹಿಬಾವೂ ಕಾನೂನಿನಲ್ಲಿ ಸಲ್ಲುತ್ತದೆ, ಆದರೆ ಕೊಟ್ಟದ್ದಕ್ಕೂ ಸ್ವಾಧೀನ ಬಿಟ್ಟದ್ದಕ್ಕೂ ಸಾಕ್ಷಿ ಬೇಕು. ಸಾಕ್ಷಿ ಸಾಲದೆ ಸ್ವಾಧೀನದ ಡಿಕ್ರಿ ಅಣ್ಣನ ಪರವಾಯಿತು, ತಂಗಿ ಅಪೀಲು ಹಾಕಿದಳು. ಆಗ ಹಿರಿಯರು ಬಂದು, ಹಿಂತೆಗೆ ಮಗಳೇ, ಎರಡು ಕೋಣೆಯೂ ಬಾವಿಗೆ ಹೋಗುವ ದಾರಿಯೂ ನಿನಗೆ ಎನ್ನುತ್ತಾರೆ. ಅವಳು ಒಪ್ಪುತ್ತಾಳೆ.

ಅಪೀಲು ಸುಮ್ಮನೆ ಹಿಂತೆಗೆದ ದಿನವೇ ಕೆಳಗಿನ ಕೋರ್ಟಿನ ಡಿಕ್ರಿ ಅಂತಿಮವಾಗುತ್ತದೆ. ಜಿಲ್ಲಾ ಕೋರ್ಟಿಗೆ ಅಪೀಲು ಹಾಕಲು ಇರುವ 30 ದಿನ ಎಂದೋ ಮುಗಿದಿರುತ್ತದೆ, ಮತ್ತೆ ಹಾಕುವಂತಿಲ್ಲ. ಡಿಕ್ರಿ ಜಾರಿ ಮಾಡಿಸಲು ಅಣ್ಣನಿಗೆ 12 ವರ್ಷ ಇದೆ. ಅವನು ಒಳ್ಳೆಯವನೇ ಇರಬಹುದು. ಅವನ ನಂತರ ಆ ಡಿಕ್ರಿ ಅವನ ಮಕ್ಕಳ ಕೈಗೆ ಬರುತ್ತದೆ. ಎರಡು ಕೋಣೆಯ ಮಾತು ಕೋರ್ಟಿನಲ್ಲಿ ದಾಖಲಾಗದಿದ್ದರೆ ಡಿಕ್ರಿ ಜಾರಿ ಮಾಡುವ ಕೋರ್ಟು ಅದನ್ನು ಪರಿಗಣಿಸುವುದೇ ಇಲ್ಲ. ಸಿವಿಲ್ ಪ್ರಕ್ರಿಯಾ ಸಂಹಿತೆಯ 21ನೇ ಆದೇಶದ 2ನೇ ನಿಯಮ ಹೇಳುವುದು ಇದನ್ನೇ. ಸಾಲ ಕೊಟ್ಟರೂ ಬರೆದಿಡಬೇಕು ಎಂದು ಮದ್ರಸದಲ್ಲಿ ಕಲಿತ ನಾವು ಮನೆಯ ವಿಷಯದಲ್ಲಿ ಮಾತ್ರ ಬಾಯಿಮಾತು ಸಾಕೆನ್ನುವುದು ವಿಚಿತ್ರ.

ಸರಿಯಾದ ದಾರಿ ಕಷ್ಟದ್ದೇನಲ್ಲ. 23ನೇ ಆದೇಶದ 3ನೇ ನಿಯಮದಂತೆ ರಾಜಿಯನ್ನು ಬರೆದು, ಇಬ್ಬರೂ ಸಹಿ ಹಾಕಿ ಅಪೀಲು ಕೋರ್ಟಿಗೇ ಕೊಡಬೇಕು. ಆಗ ಆ ರಾಜಿಯೇ ಡಿಕ್ರಿಯಾಗುತ್ತದೆ. ಲೋಕ ಅದಾಲತ್ತಿನಲ್ಲಿ ಮುಗಿಸಿದರೆ ಕಟ್ಟಿದ ಕೋರ್ಟು ಫೀಸೂ ವಾಪಸ್ ಸಿಗುತ್ತದೆ, ಅದರ ಮೇಲೆ ಅಪೀಲೂ ಇಲ್ಲ. ಕೋಣೆ ಯಾವುದು, ದಾರಿ ಎಷ್ಟು ಅಡಿ ಅಗಲ, ಬಾವಿಯ ಪಂಪಿನ ಕರೆಂಟು ಬಿಲ್ಲು ಯಾರದು, ಎಲ್ಲವೂ ಅದರಲ್ಲಿ ಬರಲಿ. ಬಿಲ್ಲಿನ ಮಾತು ಸಣ್ಣದೆಂದು ನಗಬೇಡಿ, ಮುಂದಿನ ಜಗಳ ಅಲ್ಲಿಂದಲೇ ಏಳುವುದು.

ಇನ್ನೊಂದು ಮಾತು. ನಮ್ಮ ಹಳೆಯ ಆಧಾರಗಳು ಕನ್ನಡದಲ್ಲಿವೆ, ಈಗಿನ ಕಾಗದಗಳು ಮಲಯಾಳದಲ್ಲೋ ಇಂಗ್ಲಿಷಿನಲ್ಲೋ ಬರುತ್ತವೆ. ಕನ್ನಡ ಮಾತ್ರ ಓದಬಲ್ಲ ಉಮ್ಮನ ಮುಂದೆ ರಾಜಿಪತ್ರ ಇಟ್ಟು ಸಹಿ ಹಾಕಿ ಎನ್ನುವವರು ಮೊದಲು ಅದನ್ನು ಬ್ಯಾರಿಯಲ್ಲಿ ಓದಿ ಹೇಳಲಿ. ಅಣ್ಣ ದುಬೈಯಲ್ಲಿದ್ದರೆ, ರಾಜಿ ಮಾಡುವ ಅಧಿಕಾರವನ್ನು ಸ್ಪಷ್ಟವಾಗಿ ಬರೆದ ಮುಖ್ತಿಯಾರ್ ಪತ್ರ ಅಲ್ಲಿಂದ ಬರಲಿ. ಅದು ಬರುವವರೆಗೆ ತಂಗಿಯ ಅಪೀಲು ಕೋರ್ಟಿನಲ್ಲೇ ಇರಲಿ.