ಬ್ಯಾಡಗಿಯ ಬಣ್ಣಕ್ಕೊಂದು ಅಳತೆ ಬೇಕು

ರಾಣೆಬೆನ್ನೂರು ಸೀಮೆಯ ಹಾಲಿನ ಡೇರಿಗಳಲ್ಲಿ ಬೆಳಗಿನ ಹೊತ್ತು ನಡೆಯುವ ವ್ಯವಹಾರ ಎಲ್ಲರಿಗೂ ಗೊತ್ತಿರುವಂಥದ್ದೇ. ಒಂದೇ ಎಮ್ಮೆ ಕಟ್ಟಿಕೊಂಡ ಹೆಣ್ಣುಮಗಳು ಎರಡು ಲೀಟರ್ ಹಾಲು ತಂದರೂ ಅದರಲ್ಲಿ ಒಂದಿಷ್ಟು ತೆಗೆದು ಪರೀಕ್ಷೆ ಮಾಡುತ್ತಾರೆ. ಜಿಡ್ಡಿನಂಶ ಎಷ್ಟೆಂದು ನೋಡಿ ಬರೆದುಕೊಳ್ಳುತ್ತಾರೆ, ಆ ಅಂಕಿಯ ಮೇಲೆ ಆಕೆಯ ಹಣ ನಿಗದಿಯಾಗುತ್ತದೆ. ಅಲ್ಲಿಂದ ಬ್ಯಾಡಗಿ ದೂರವೇನಿಲ್ಲ. ಬ್ಯಾಡಗಿಯ ಎಪಿಎಂಸಿ ಪ್ರಾಂಗಣಕ್ಕೆ ರೈತನೊಬ್ಬ ವರ್ಷದ ದುಡಿಮೆಯನ್ನೆಲ್ಲ ಚೀಲಗಳಲ್ಲಿ ತುಂಬಿ ತಂದು ದಲಾಲರ ಅಂಗಡಿಯ ಮುಂದೆ ಇಳಿಸಿದಾಗ, ಖರೀದಿದಾರರು ಒಂದು ಹಿಡಿ ಕಾಯಿ ಎತ್ತಿಕೊಂಡು ಬೆಳಕಿಗೆ ಹಿಡಿಯುತ್ತಾರೆ, ಹಿಸುಕಿ ಸದ್ದು ಕೇಳುತ್ತಾರೆ, ಮುರಿದು ಮೂಸುತ್ತಾರೆ, ಮುಂದಿನ ಲಾಟಿಗೆ ಹೋಗುತ್ತಾರೆ. ಲಕ್ಷಾಂತರ ರೂಪಾಯಿಯ ಮಾಲಿಗೆ ಸಿಗುವ ಪರೀಕ್ಷೆ ಬಹುಪಾಲು ಅಷ್ಟೇ. ಎರಡು ಲೀಟರ್ ಹಾಲಿಗೆ ಇರುವ ಅಳತೆಯ ಗೌರವ ಐವತ್ತು ಚೀಲ ಮೆಣಸಿನಕಾಯಿಗೆ ಏಕಿಲ್ಲ ಎಂಬ ಪ್ರಶ್ನೆಯನ್ನು ಹಾವೇರಿ ಜಿಲ್ಲೆ ಈಗಲಾದರೂ ಗಟ್ಟಿಯಾಗಿ ಕೇಳಬೇಕಾಗಿದೆ.

ಬ್ಯಾಡಗಿಯಲ್ಲಿ ಮಾರಾಟವಾಗುವುದು ಮುಖ್ಯವಾಗಿ ಬಣ್ಣ. ಖಾರ ಬೇಕಾದವರು ಗುಂಟೂರಿನ ಕಡೆ ಹೋಗುತ್ತಾರೆ. ಗಿಡ್ಡಗೆ ದಪ್ಪಗೆ ಇರುವ ಡಬ್ಬಿ, ಉದ್ದಕ್ಕೆ ತೆಳ್ಳಗೆ ಮೈಯೆಲ್ಲ ಸುಕ್ಕು ಹೊತ್ತ ಕಡ್ಡಿ, ಈ ಎರಡೂ ಬಗೆಯ ಕಾಯಿಯಲ್ಲಿ ಖಾರ ಕಡಿಮೆ, ಕೆಂಪು ಹೆಚ್ಚು. ಸಾರಿನ ಪುಡಿಗೆ, ಬಿಸಿಬೇಳೆ ಭಾತಿಗೆ ಇದನ್ನು ಹಾಕುವ ಗೃಹಿಣಿಗೂ ಇದೇ ಗುಣ ಬೇಕು, ಕಾಯಿಯಿಂದ ಓಲಿಯೋರೆಸಿನ್ ಎಂಬ ಗಟ್ಟಿ ಎಣ್ಣೆ ತೆಗೆಯುವ ಕಾರ್ಖಾನೆಗೂ ಇದೇ ಗುಣ ಬೇಕು. ಒಂದು ಟನ್ ಒಣಕಾಯಿಯಿಂದ ಸುಮಾರು 50 ಲೀಟರ್ ಎಣ್ಣೆ ಸಿಗುತ್ತದೆ ಎಂಬುದು ಈ ವ್ಯಾಪಾರದ ಲೆಕ್ಕ. ಆ ಎಣ್ಣೆ ಸಾಸ್‌ಗೆ, ಮಾಂಸದ ತಿನಿಸುಗಳಿಗೆ, ತುಟಿಯ ರಂಗಿಗೆ ಬಣ್ಣವಾಗಿ ಹೋಗುತ್ತದೆ. ಇಲ್ಲಿ ಗಮನಿಸಬೇಕಾದ ಸಂಗತಿಯೊಂದಿದೆ. ಕಾಯಿ ಕಾರ್ಖಾನೆಯ ಬಾಗಿಲು ದಾಟಿದ ಮೇಲೆ ಯಾರೂ ಕಣ್ಣಂದಾಜಿನಲ್ಲಿ ವ್ಯವಹಾರ ಮಾಡುವುದಿಲ್ಲ. ಅಮೆರಿಕದ ಸಂಬಾರ ವ್ಯಾಪಾರಿಗಳ ಸಂಘ ರೂಪಿಸಿದ ಆಸ್ಟಾ ಎಂಬ ಅಳತೆಯಲ್ಲಿ ಕಾಯಿಯ ಬಣ್ಣವನ್ನು ಎಣಿಸುತ್ತಾರೆ. ಪುಡಿಯನ್ನು ಅಸಿಟೋನಿನಲ್ಲಿ ನೆನೆಸಿ, ಇಳಿದು ಬಂದ ಕೆಂಪಿನಲ್ಲಿ ಬೆಳಕು ಎಷ್ಟು ಹೀರಲ್ಪಡುತ್ತದೆ ಎಂದು ಯಂತ್ರದಲ್ಲಿ ನೋಡಿದರೆ ಆ ಅಂಕಿ ಸಿಗುತ್ತದೆ. ಒಳ್ಳೆಯ ಬ್ಯಾಡಗಿ ಕಾಯಿ 150ರ ಮೇಲೆ ನಿಲ್ಲುತ್ತದೆ. ಮುಂದೆ ಎಣ್ಣೆಯೂ ಅಷ್ಟೇ, 40 ಸಾವಿರ ಬಣ್ಣಮಾನದ್ದು, 1 ಲಕ್ಷ ಬಣ್ಣಮಾನದ್ದು ಎಂದು ಬಣ್ಣದ ಲೆಕ್ಕದಲ್ಲೇ ಬಿಕರಿಯಾಗುತ್ತದೆ. ಹೊಲದಿಂದ ವಿದೇಶದವರೆಗಿನ ಈ ಉದ್ದ ದಾರಿಯಲ್ಲಿ ಬಣ್ಣದ ಅಂಕಿ ಗೊತ್ತಿಲ್ಲದೆ ಮಾಲು ಕೈಬಿಡುವವನು ಒಬ್ಬನೇ, ಅದನ್ನು ಬೆಳೆದವನು. ಕೊಳ್ಳುವವನಿಗೆ ಗೊತ್ತಿರುವುದು ಮಾರುವವನಿಗೆ ಗೊತ್ತಿಲ್ಲದ ಕಡೆ ಎಷ್ಟೇ ಪಾರದರ್ಶಕ ಟೆಂಡರ್ ನಡೆದರೂ ಅದು ಅರ್ಧ ಪಾರದರ್ಶಕವೇ ಸರಿ.

ಟೆಂಡರ್ ವಿಷಯದಲ್ಲಿ ಬ್ಯಾಡಗಿಯನ್ನು ಹಗುರವಾಗಿ ನೋಡುವಂತಿಲ್ಲ. ಸರಿಯಾದ ತೂಕ, ವಿಳಂಬವಿಲ್ಲದ ಪಾವತಿ ಎಂಬ ಹೆಸರಿನಿಂದಲೇ ಬಳ್ಳಾರಿ, ರಾಯಚೂರು, ಕೊಪ್ಪಳದ ರೈತರು, ಗಡಿಯಾಚೆಯ ಕರ್ನೂಲಿನವರು ಕೂಡ ಹತ್ತಿರದ ಮಾರುಕಟ್ಟೆ ಬಿಟ್ಟು ಇಲ್ಲಿಗೆ ಲಾರಿ ಹೊಡೆಸುತ್ತಾರೆ. ರಾಜ್ಯದಲ್ಲಿ 2014ರಿಂದ ಬಂದ ಏಕೀಕೃತ ಮಾರುಕಟ್ಟೆ ವೇದಿಕೆಯ ಮೂಲಕ ಖರೀದಿದಾರರು ಲಾಟಿನ ಸಂಖ್ಯೆಗೆ ಆನ್‌ಲೈನ್‌ನಲ್ಲಿ ದರ ನಮೂದಿಸುತ್ತಾರೆ, ಹೆಚ್ಚು ಬರೆದವರಿಗೆ ಮಾಲು ಸಿಗುತ್ತದೆ, ದರ ಒಪ್ಪಿಗೆಯಾಗದಿದ್ದರೆ ರೈತ ಒಲ್ಲೆ ಎನ್ನಬಹುದು. ಇದೆಲ್ಲ ದೊಡ್ಡ ಸಾಧನೆ. ಆದರೆ ಒಲ್ಲೆ ಎನ್ನುವ ಹಕ್ಕು ಬಳಸಲು ರೈತನಿಗೆ ತನ್ನ ಮಾಲು ಎಂಥದ್ದೆಂದು ಗೊತ್ತಿರಬೇಕಲ್ಲವೇ? ಪಕ್ಕದ ಲಾಟಿಗೆ ಕ್ವಿಂಟಲ್‌ಗೆ 25 ಸಾವಿರ ರೂಪಾಯಿ ಬಂದು ತನ್ನದಕ್ಕೆ 12 ಸಾವಿರ ಬಂದರೆ ಅದು ಬಣ್ಣದ ಅಂತರವೋ, ತೇವದ ಅಂತರವೋ, ತಳಿಯದೋ, ಆ ದಿನ ಕೊಳ್ಳುವವರು ಕೈ ಬಿಗಿಹಿಡಿದದ್ದೋ ಎಂದು ತಿಳಿಯುವ ದಾರಿ ಅವನಿಗಿಲ್ಲ. ದಲಾಲರ ಮಾತನ್ನು ನಂಬಬೇಕು, ಇಲ್ಲವೇ ಅನುಮಾನಪಡಬೇಕು.

ಆ ಅನುಮಾನ 2024ರ ಮಾರ್ಚ್ 11ರ ಸೋಮವಾರ ಬೆಂಕಿಯಾಯಿತು. ದರ ಕುಸಿದಿದೆ ಎಂದು ಸಿಟ್ಟಿಗೆದ್ದವರು ಎಪಿಎಂಸಿ ಕಚೇರಿಗೆ ನುಗ್ಗಿದರು, ವಾಹನಗಳಿಗೆ ಬೆಂಕಿ ಹಚ್ಚಿದರು, ಬೆಂಕಿ ಆರಿಸಲು ಬಂದ ವಾಹನವನ್ನೂ ಬಿಡಲಿಲ್ಲ. ಆ ಹಿಂಸೆಗೆ ಸಮರ್ಥನೆ ಇಲ್ಲ. ಆದರೆ ಅದರ ಹಿಂದಿನ ಲೆಕ್ಕವನ್ನು ಬಿಡಿಸಿ ನೋಡದಿದ್ದರೆ ಪೊಲೀಸ್ ಬಂದೋಬಸ್ತ್ ಹೆಚ್ಚಿಸುವುದೊಂದೇ ಪಾಠವಾಗಿ ಉಳಿಯುತ್ತದೆ. 2021-22ರಲ್ಲಿ ಹೊಸ ಜಾತಿಯ ಥ್ರಿಪ್ಸ್ ನುಸಿ ತೆಲಂಗಾಣ, ಆಂಧ್ರ, ಕರ್ನಾಟಕದ ಮೆಣಸಿನಗಿಡಗಳನ್ನು ಹೂವಿನಲ್ಲೇ ಮುರುಟಿಸಿತು. ಮಾಲು ಕಡಿಮೆಯಾಗಿ ಮುಂದಿನ ಹಂಗಾಮಿನಲ್ಲಿ ದರ ಏರಿತು, ಉತ್ತಮ ಡಬ್ಬಿ ಕ್ವಿಂಟಲ್‌ಗೆ 50 ಸಾವಿರ ರೂಪಾಯಿ ದಾಟಿದ್ದನ್ನು ರೈತರು ಕಂಡರು. ಕಂಡವರೆಲ್ಲ ಮೆಣಸು ಹಾಕಿದರು. ನೀರಾವರಿ ಇದ್ದ ಕಡೆ ಹೆಚ್ಚು ಇಳುವರಿ ಕೊಡುವ ಹೈಬ್ರಿಡ್ ತಳಿ ಹಬ್ಬಿತು. ಮಾರ್ಚ್ ಹೊತ್ತಿಗೆ ಪ್ರಾಂಗಣದಲ್ಲಿ ಚೀಲದ ಮೇಲೆ ಚೀಲ ಬಿತ್ತು, ದರ ಮುಗ್ಗರಿಸಿತು. ಈ ಕಾರಣಗಳೆಲ್ಲ ನಿಜ. ಆದರೂ ಪ್ರಾಂಗಣದಲ್ಲಿ ನಿಂತವನಿಗೆ ಕಾಣುವುದು ತನ್ನ ಲಾಟಿನ ಮುಂದಿನ ಅಂಕಿ ಮಾತ್ರ. ಅದು ಏಕೆ ಹಾಗಿದೆ ಎಂದು ಹೇಳುವ ಇನ್ನೊಂದು ಅಂಕಿ ಪಕ್ಕದಲ್ಲಿ ಇರಲಿಲ್ಲ. ಕಾರಣ ಹೇಳದ ದರವನ್ನು ಜನ ಮೋಸವೆಂದೇ ಓದುತ್ತಾರೆ.

ಇನ್ನು ಹೆಸರಿನ ವಿಚಾರ. ಬ್ಯಾಡಗಿ ಮೆಣಸಿನಕಾಯಿಗೆ 2011ರಲ್ಲಿ ಭೌಗೋಳಿಕ ಗುರುತು ಸಿಕ್ಕಿತು. ಹಾವೇರಿ, ಧಾರವಾಡ, ಗದಗ ಸೀಮೆಯ ಎರೆಹೊಲಗಳಲ್ಲಿ ಮಳೆಯನ್ನೇ ನಂಬಿ ಬೆಳೆಯುವ ಡಬ್ಬಿ, ಕಡ್ಡಿಯೇ ಈ ಹೆಸರಿನ ಬೇರು. ಇವತ್ತು ಮಾರುಕಟ್ಟೆಗೆ ಬರುವ ಮಾಲಿನಲ್ಲಿ ಈ ಮೂಲ ತಳಿಯ ಪಾಲು ತಗ್ಗಿ, ದೂರದ ನೀರಾವರಿ ಸೀಮೆಯ ಹೈಬ್ರಿಡ್ ಕಾಯಿ ಹೆಚ್ಚಾಗಿದೆ. ಊರಿನಿಂದ ಹೊರಹೋಗುವಾಗ ಮಾತ್ರ ಎಲ್ಲಕ್ಕೂ ಬ್ಯಾಡಗಿ ಎಂಬ ಒಂದೇ ಹೆಸರು. ಹೆಸರು ಕಾಯುವ ವಿಷಯದಲ್ಲಿ ಐರೋಪ್ಯ ಒಕ್ಕೂಟದ ಅಂಗಡಿಯಲ್ಲಿ ಸ್ಟ್ರಾಬೆರಿಗೆ ಇರುವ ಮರ್ಯಾದೆ ನೋಡಿ. ಜರ್ಮನಿಯ ಸಂತೆಯಲ್ಲಿ ಸ್ಟ್ರಾಬೆರಿ ಮಾರುವವರು ಅದು ಯಾವ ದೇಶದ್ದು, ಯಾವ ದರ್ಜೆಯದ್ದು ಎಂದು ತಿಳಿಸಲೇಬೇಕು. ಸ್ಪೇನಿನದ್ದನ್ನು ತಮ್ಮೂರಿನದ್ದೆಂದು ಮಾರುವಂತಿಲ್ಲ. ಅದೇ ಸ್ಪೇನಿನ ಲಾ ವೆರಾ ಕಣಿವೆಯ ರೈತರು ಓಕ್ ಸೌದೆಯ ಹೊಗೆಯಲ್ಲಿ ಒಣಗಿಸುವ ಕೆಂಪು ಮೆಣಸಿನ ಪುಡಿಗೂ ನಮ್ಮಂತೆಯೇ ಸ್ಥಳನಾಮದ ರಕ್ಷಣೆ ಇದೆ. ವ್ಯತ್ಯಾಸ ಏನೆಂದರೆ ಅಲ್ಲಿ ಆ ಹೆಸರನ್ನು ಕಾಯಲೆಂದೇ ನಿಯಂತ್ರಣ ಮಂಡಳಿ ಇದೆ. ಎಲ್ಲಿ ಬೆಳೆದದ್ದು, ಯಾವ ತಳಿ, ಹೇಗೆ ಒಣಗಿಸಿದ್ದು ಎಂದು ನೋಡಿದ ಮೇಲೆಯೇ ಡಬ್ಬದ ಮೇಲೆ ಹೆಸರು ಬೀಳುತ್ತದೆ. ನಮ್ಮಲ್ಲಿ ಗುರುತಿನ ಪ್ರಮಾಣಪತ್ರ ಇದೆ, ಅದು ಟೆಂಡರ್ ನಡೆಯುವ ಕಟ್ಟೆಯವರೆಗೆ ಇಳಿದು ಬಂದಿಲ್ಲ.

ಆದ್ದರಿಂದ ಬೇಡಿಕೆ ದೊಡ್ಡದೇನಲ್ಲ. ಲಾಟಿನ ಚೀಟಿಯ ಮೇಲೆ ಈಗಿರುವ ವಿವರಗಳ ಜೊತೆ ಇನ್ನು ಕೆಲವು ಬರಬೇಕು: ತಳಿ, ಬೆಳೆದ ಊರು, ತೇವಾಂಶ, ಬಣ್ಣದ ಅಂಕಿ. ಈ ಚೀಟಿ ನೋಡಿಯೇ ಖರೀದಿದಾರರು ದರ ಬರೆಯಲಿ.

ಇದಕ್ಕೆ ಬರುವ ಮೊದಲ ಆಕ್ಷೇಪ ಕಾಲದ್ದು. ಹಂಗಾಮಿನಲ್ಲಿ ಒಂದೇ ದಿನ ಲಕ್ಷಕ್ಕೂ ಮಿಕ್ಕಿ ಚೀಲ ಬಂದಾಗ ಒಂದೊಂದನ್ನೂ ಅಳೆಯುವುದು ಹೇಗೆ, ಆಸ್ಟಾ ಪರೀಕ್ಷೆಯಲ್ಲಿ ಪುಡಿಯನ್ನು 16 ಗಂಟೆ ನೆನೆಸಿಡಬೇಕಲ್ಲ ಎಂದು ಕೇಳುತ್ತಾರೆ. ತೂಕವಿರುವ ಪ್ರಶ್ನೆ ಇದು. ಆದರೆ ಚೀಲ ಚೀಲವನ್ನೂ ಅಳೆಯಬೇಕಿಲ್ಲ, ಲಾಟಿಗೊಂದು ಕೂಡು ಮಾದರಿ ಸಾಕು. ದೂರದ ಮಾಲು ಹಿಂದಿನ ರಾತ್ರಿಯೇ ಬಂದು ಇಳಿಯುವುದರಿಂದ ಮಾದರಿ ತೆಗೆಯಲು ವೇಳೆಯೂ ಇದೆ. ಧಾನ್ಯಗಳ ತೇವ, ಸಸಾರಜನಕವನ್ನು ಬೆಳಕಿನ ಕಿರಣ ಹಾಯಿಸಿ ಕ್ಷಣಮಾತ್ರದಲ್ಲಿ ಓದುವ ಯಂತ್ರಗಳು ಜಗತ್ತಿನಾದ್ಯಂತ ಬಳಕೆಯಲ್ಲಿವೆ. ಅಂಥವನ್ನು ನಮ್ಮ ಕಾಯಿಯ ಬಣ್ಣಕ್ಕೆ ಹೊಂದಿಸುವ ಕೆಲಸವನ್ನು ಧಾರವಾಡದ ಕೃಷಿ ವಿಶ್ವವಿದ್ಯಾಲಯ, ಬಾಗಲಕೋಟೆಯ ತೋಟಗಾರಿಕೆ ವಿಶ್ವವಿದ್ಯಾಲಯ ಕೈಗೆತ್ತಿಕೊಳ್ಳಲಿ. ಹನುಮನಮಟ್ಟಿಯ ಕೃಷಿ ವಿಜ್ಞಾನ ಕೇಂದ್ರ ಇಲ್ಲೇ ಪಕ್ಕದಲ್ಲಿದೆ. ಮೊದಲ ವರ್ಷ ಎಲ್ಲ ಲಾಟಿಗೂ ಬೇಡ, ರೈತ ತಾನಾಗಿ ಕೇಳಿದ ಲಾಟಿಗೆ ಮಾತ್ರ ಪರೀಕ್ಷೆಯಾಗಲಿ. ಹಾಲಿನ ಪರೀಕ್ಷೆಯೂ ಊರೂರಿಗೆ ಒಂದೇ ದಿನದಲ್ಲಿ ಬರಲಿಲ್ಲ.

ಎರಡನೆಯ ಆಕ್ಷೇಪ ವ್ಯಾಪಾರಿಗಳದ್ದು. ಮೂವತ್ತು ನಲವತ್ತು ವರ್ಷ ಕಾಯಿ ಮುಟ್ಟಿದ ಕೈಗೆ ಯಂತ್ರಕ್ಕಿಂತ ಹೆಚ್ಚು ತಿಳಿಯುತ್ತದೆ ಎನ್ನುತ್ತಾರೆ. ಆ ಕೈಯ ಅನುಭವವನ್ನು ಅಲ್ಲಗಳೆಯುವುದು ಅನ್ಯಾಯ. ಕಾಯಿಯ ಘಮ, ಸುಕ್ಕು, ತೊಟ್ಟಿನ ಗಟ್ಟಿತನವನ್ನು ಯಂತ್ರ ಓದಲಾರದು. ಆದರೆ ಕಣ್ಣಿಗೂ ಮೋಸವಾಗುತ್ತದೆ. ನೀರು ಚಿಮುಕಿಸಿದ ಕಾಯಿ ಹೊಳೆಯುತ್ತದೆ, ತೂಕವೂ ಏರುತ್ತದೆ, ಆಮೇಲೆ ಬೂಸ್ಟು ಹಿಡಿದು ವ್ಯಾಪಾರಿಯೇ ಕೈ ಸುಟ್ಟುಕೊಳ್ಳುತ್ತಾನೆ. ಕೆಲವರು ಹಾಗೆ ಮಾಡುವುದು ಗೊತ್ತಿರುವುದರಿಂದ ಚೆನ್ನಾಗಿ ಒಣಗಿಸಿ ತಂದವನ ಮಾಲಿಗೂ ಖರೀದಿದಾರ ಒಂದಿಷ್ಟು ಕಡಿಮೆಯೇ ಬರೆಯುತ್ತಾನೆ. ತೇವಾಂಶದ ಅಂಕಿ ಚೀಟಿಯಲ್ಲಿದ್ದರೆ ಆ ದಂಡ ತಪ್ಪು ಮಾಡಿದವನ ಮೇಲಷ್ಟೇ ಬೀಳುತ್ತದೆ. ಅಳತೆ ರೈತನ ಪರ ಮಾತ್ರ ಸಾಕ್ಷಿ ಹೇಳುವುದಿಲ್ಲ ಎಂಬುದನ್ನು ರೈತ ಸಂಘಟನೆಗಳೂ ಒಪ್ಪಿಕೊಂಡೇ ಈ ಬೇಡಿಕೆ ಇಡಬೇಕು. ಬಣ್ಣದ ಆಸೆ ಎಲ್ಲಿಗೆ ಒಯ್ಯಬಹುದು ಎಂಬುದಕ್ಕೆ ದೊಡ್ಡ ಉದಾಹರಣೆಯೂ ಇದೆ. ಭಾರತದಿಂದ ಹೋದ ಮೆಣಸಿನ ಪದಾರ್ಥದಲ್ಲಿ ಸುಡಾನ್ ಎಂಬ ನಿಷೇಧಿತ ಬಣ್ಣ ಸಿಕ್ಕಿದ್ದರಿಂದ ಐರೋಪ್ಯ ಒಕ್ಕೂಟ 2003ರಲ್ಲಿ ಕಟ್ಟುನಿಟ್ಟಿನ ತಪಾಸಣೆ ತಂದಿತು. 2005ರ ಫೆಬ್ರುವರಿಯಲ್ಲಿ ಅಂಥದೇ ಒಂದು ಪುಡಿಯಿಂದಾಗಿ ಬ್ರಿಟನ್ನಿನಲ್ಲಿ 400ಕ್ಕೂ ಹೆಚ್ಚು ತಿನಿಸುಗಳನ್ನು ಅಂಗಡಿಗಳಿಂದ ಹಿಂದಕ್ಕೆ ತೆಗೆದರು. ಸಹಜವಾದ ಕೆಂಪನ್ನು ಅಳೆದು ಬೆಲೆ ಕೊಡುವ ಮಾರುಕಟ್ಟೆಗೆ ಇಂಥ ಕಳಂಕದಿಂದ ತನ್ನ ಹೆಸರು ಉಳಿಸಿಕೊಳ್ಳುವುದು ಸುಲಭ.

ಮೂರನೆಯದು ನನಗೆ ಎಲ್ಲಕ್ಕಿಂತ ಕಠಿಣವೆನಿಸುವ ಆಕ್ಷೇಪ. ತಳಿ, ಊರು ಬರೆದರೆ ಬಳ್ಳಾರಿ, ರಾಯಚೂರಿನ ಹೈಬ್ರಿಡ್ ಬೆಳೆಗಾರನ ದರ ಬೀಳುವುದಿಲ್ಲವೇ? ಅವನೂ ಸಾಲ ಮಾಡಿ ಬೆಳೆದವನೇ. ಬ್ಯಾಡಗಿ ಇಷ್ಟು ದೊಡ್ಡ ಮಾರುಕಟ್ಟೆಯಾಗಿ ಉಳಿದಿರುವುದು ಅವನ ಮಾಲಿನಿಂದ. ಆದರೆ ಅವನ ಕಾಯಿಯನ್ನು ಕೊಳ್ಳುವವರಿಗೆ ಅದು ಹೈಬ್ರಿಡ್ ಎಂದು ಈಗಲೂ ಗೊತ್ತು, ಅದಕ್ಕೆ ತಕ್ಕ ದರವನ್ನೇ ಅವರು ಬರೆಯುತ್ತಿದ್ದಾರೆ. ಗೊತ್ತಾಗದೆ ಉಳಿದಿರುವುದು ಕೊನೆಯಲ್ಲಿ ಪುಡಿ ಕೊಳ್ಳುವ ಗ್ರಾಹಕನಿಗೆ. ಬೇರೆಯವರ ಹೆಸರಿನಿಂದ ಹೈಬ್ರಿಡ್ ಬೆಳೆಗಾರನಿಗೆ ಬರುತ್ತಿರುವ ಲಾಭ ಅಲ್ಪ. ಬಣ್ಣದ ಅಂಕಿಯಿಂದ ಅವನಿಗೆ ಲಾಭವೇ ಆಗಬಹುದು, ಏಕೆಂದರೆ ಹೈಬ್ರಿಡ್‌ನಲ್ಲೂ ಒಳ್ಳೆಯ ಬಣ್ಣ ಬಿಡುವ ಮಾಲು ಇದೆ. ಇತ್ತ ಮೂಲ ಡಬ್ಬಿ ಬೆಳೆಯುವವನ ಸ್ಥಿತಿ ಬೇರೆ. ಎಕರೆಗೆ ಅವನ ಇಳುವರಿ ಕಡಿಮೆ, ಮಳೆ ಕೈಕೊಟ್ಟರೆ ಅದೂ ಇಲ್ಲ. ಗುಣಕ್ಕೆ ಪ್ರತ್ಯೇಕ ಬೆಲೆ ಸಿಗದಿದ್ದರೆ ಅವನು ಆ ಬೀಜವನ್ನು ಬಿಟ್ಟೇಬಿಡುತ್ತಾನೆ, ಬಿಡುತ್ತಲೂ ಇದ್ದಾನೆ. ರಾಣೆಬೆನ್ನೂರು ದೇಶಕ್ಕೇ ತರಕಾರಿ ಬೀಜ ಬೆಳೆದುಕೊಡುವ ಸೀಮೆ. ಮನಸ್ಸು ಮಾಡಿದರೆ ಡಬ್ಬಿಯ ಶುದ್ಧ ಬೀಜವನ್ನು ಉಳಿಸಿ ಬೆಳೆಸುವ ಕೌಶಲ ಇಲ್ಲಿನ ರೈತರ ಕೈಯಲ್ಲೇ ಇದೆ. ಆದರೆ ಕಾಯಿಗೆ ದರ ಕಾಣದೆ ಬೀಜಕ್ಕೆ ಗಿರಾಕಿ ಎಲ್ಲಿಂದ ಬಂದಾನು?

ಅಳತೆಯಿಂದ ಎಲ್ಲವೂ ಸರಿಹೋಗುತ್ತದೆ ಎಂದು ಹೇಳುತ್ತಿಲ್ಲ. ಮಾಲು ಮಿತಿಮೀರಿ ಬಂದ ವರ್ಷ ಬಣ್ಣದ ಅಂಕಿ ಎಷ್ಟಿದ್ದರೂ ದರ ಇಳಿಯುತ್ತದೆ. ಮೆಣಸಿನಕಾಯಿಗೆ ಕನಿಷ್ಠ ಬೆಂಬಲ ಬೆಲೆ ಇಲ್ಲ. 2025ರ ಫೆಬ್ರುವರಿಯಲ್ಲಿ ಕೇಂದ್ರ ಸರ್ಕಾರ ಮಾರುಕಟ್ಟೆ ಮಧ್ಯಪ್ರವೇಶ ಯೋಜನೆಯಡಿ ಆಂಧ್ರದ ಕೆಂಪು ಮೆಣಸಿನಕಾಯಿಗೆ ಕ್ವಿಂಟಲ್‌ಗೆ 11,781 ರೂಪಾಯಿ ನಿಗದಿ ಮಾಡಿದಾಗ ಒಂದು ಸಂಗತಿ ಎದ್ದು ಕಂಡಿತು: ಎಲ್ಲ ಕಾಯಿಗೂ ಒಂದೇ ದರ ಕಟ್ಟುವ ಇಂಥ ನೆರವು ಬಣ್ಣದ ಕಾಯಿ ಬೆಳೆಯುವವನಿಗೆ ಅಳವಡುವುದು ಕಷ್ಟ. ದರ್ಜೆಗಳು ಅಂಕಿಯಲ್ಲಿ ನಿಂತರೆ ಮಾತ್ರ ನಾಳೆ ಸರ್ಕಾರದ ನೆರವನ್ನೂ ದರ್ಜೆಗೆ ತಕ್ಕಂತೆ ಕೇಳಲು ಬರುತ್ತದೆ. ಶೀತಲಗೃಹದ ಮಾತೂ ಇದೇ. ಬಿಸಿಲಿಗೆ, ಬೆಳಕಿಗೆ ಕೆಂಪು ಮಾಸುತ್ತದೆ ಎಂದೇ ಬ್ಯಾಡಗಿಯ ಸುತ್ತ ಅಷ್ಟೊಂದು ಶೀತಲಗೃಹಗಳು ಎದ್ದಿವೆ. ಬಣ್ಣ ಇಷ್ಟು ಎಂದು ದಾಖಲಾದ ಮಾಲನ್ನು ಅಲ್ಲಿಟ್ಟು ರಸೀದಿಯ ಮೇಲೆ ಬ್ಯಾಂಕಿನಲ್ಲಿ ಸಾಲ ಕೇಳುವುದು ರೈತನಿಗೆ ಸಲೀಸು. ಇಲ್ಲದಿದ್ದರೆ ಕಾದು ಮಾರುವ ಅನುಕೂಲ ಉಳ್ಳವರಿಗೇ ಉಳಿಯುತ್ತದೆ.

ಜನವರಿಯಿಂದ ಪ್ರಾಂಗಣ ಮತ್ತೆ ಕೆಂಪಾಗುತ್ತದೆ. ಅಷ್ಟರೊಳಗೆ ಬ್ಯಾಡಗಿ ಎಪಿಎಂಸಿ, ವರ್ತಕರ ಸಂಘ, ರೈತ ಸಂಘಟನೆಗಳು ಮತ್ತು ಜಿಲ್ಲಾಡಳಿತ ಒಂದು ಮೇಜಿನ ಸುತ್ತ ಕೂತು, ಕೇಳಿದ ರೈತನ ಲಾಟಿಗೆ ಟೆಂಡರ್‌ಗೂ ಮೊದಲು ತೇವ ಮತ್ತು ಬಣ್ಣ ಅಳೆದು ಚೀಟಿ ಕೊಡುವ ಒಂದು ಕೊಠಡಿಯನ್ನಾದರೂ ತೆರೆಯಲಿ. ಪರೀಕ್ಷೆಯ ಖರ್ಚನ್ನು ಮಾರುಕಟ್ಟೆ ಶುಲ್ಕದ ಹಣದಿಂದಲೇ ಭರಿಸಲಿ. ಆ ಹಣ ಬಂದಿರುವುದು ಈ ಕಾಯಿಯಿಂದಲೇ.