ಹಳೆಯ ಚಿತ್ರ, ಹೊಸ ಸುಳ್ಳು

ಮೊನ್ನೆ ಸಂಜೆ ಟಿ.ವಿ.ಯಲ್ಲಿ ಸಾವನದುರ್ಗದ ಇತಿಹಾಸ ಬರುತ್ತದೆಂದು ತಿಳಿದು, ಮಾಗಡಿ ಸೀಮೆಯವನಾದ ನಾನು ಕಾಫಿಯ ಲೋಟ ಹಿಡಿದು ಮೊಮ್ಮಗನೊಡನೆ ಕುಳಿತೆ. 1791ರಲ್ಲಿ ಕಾರ್ನ್‌ವಾಲಿಸನ ಸೈನ್ಯ ದುರ್ಗವನ್ನು ಹಿಡಿದ ಪ್ರಸಂಗ. ಕಪ್ಪು-ಬಿಳುಪಿನ, ಮಳೆ ಸುರಿದಂತೆ ಗೀರುಬಿದ್ದ ಫಿಲ್ಮು. ಕುದುರೆಗಳು ಓಡಿದವು, ಫಿರಂಗಿಗಳು ಹೊಗೆಯುಗುಳಿದವು. "ತಾತ, ಆಗ ಇದನ್ನು ತೆಗೆದವರು ಯಾರು?" ಎಂದ ಹುಡುಗ.

ಕಾಫಿ ಗಂಟಲಲ್ಲೇ ನಿಂತಿತು. ಲೂಮಿಯೇರ್ ಸಹೋದರರು ಪ್ಯಾರಿಸ್ಸಿನಲ್ಲಿ ಟಿಕೀಟು ಮಾರಿ ಚಲನಚಿತ್ರ ತೋರಿಸಿದ್ದು 1895ರಲ್ಲಿ. ಯುದ್ಧವಾಗಿ ನೂರು ವರ್ಷ ಕಳೆದ ಮೇಲೆ! ಅದೂ ಹೋಗಲಿ, ತೆರೆಯ ಮೇಲಿದ್ದದ್ದು ಸಾವನದುರ್ಗವೇ ಅಲ್ಲ. ನಮ್ಮದು ಕರಿಗುಡ್ಡ, ಬಿಳಿಗುಡ್ಡಗಳೆಂದು ಎದ್ದು ನಿಂತ ಬೋಳು ಬಂಡೆ. ಅಲ್ಲಿ ಕಂಡದ್ದು ರಾಮನಗರದ ರಾಮದೇವರ ಬೆಟ್ಟ. 1975ರ 'ಶೋಲೆ' ನೋಡಿದವರು ಯಾರೂ ಗುರುತಿಸಬಲ್ಲ ಬೆಟ್ಟ.

ತಯಾರಿಸಿದವರನ್ನು ಫೋನಿನಲ್ಲಿ ಹಿಡಿದು ಕೇಳಿದೆ. ಯಾವುದೋ ಸಿನಿಮಾದ ತುಣುಕಿನ ಬಣ್ಣ ತೆಗೆದು ಗೀರು ಸೇರಿಸಿದ್ದರಂತೆ. "ಹಳೆಯದರ ಹಾಗೆ ಕಂಡರೆ ಸಾಕು ಸ್ವಾಮಿ. ನಿಜವಾದ ಹಳೆಯ ಫಿಲ್ಮಿಗೆ ಸೆಕೆಂಡಿನ ಲೆಕ್ಕದಲ್ಲಿ ದುಡ್ಡು ಕೇಳುತ್ತಾರೆ, ನಮಗಿರುವುದು ನಾಲ್ಕು ದಿನ" ಎಂದರು. ಕಷ್ಟ ನಿಜವೇ ಇರಬಹುದು. ಆದರೆ ದುಡ್ಡಿಲ್ಲದವನು ಕಡಿಮೆ ತೋರಿಸಲಿ. ಸುಳ್ಳು ತೋರಿಸಬೇಕೆಂಬ ಕಟ್ಟಳೆ ಎಲ್ಲಿದೆ? ಬೆಂಗಳೂರಿನಿಂದ ಎರಡು ತಾಸಿನ ಹಾದಿ; ಬೆಟ್ಟ ಇನ್ನೂ ಅಲ್ಲೇ ಇದೆ.

ನಾನು ನಟನೆಯನ್ನು ಹಳಿಯುತ್ತಿಲ್ಲ. 1984ರ 'ಎ ಪ್ಯಾಸೇಜ್ ಟು ಇಂಡಿಯಾ' ಚಿತ್ರದಲ್ಲಿ ಡೇವಿಡ್ ಲೀನ್ ಇದೇ ಸಾವನದುರ್ಗವನ್ನು ಮರಾಬಾರ್ ಬೆಟ್ಟವಾಗಿಸಿದ. ಕಥೆಯೆಂದು ಹೇಳಿಯೇ ತೋರಿಸಿದ, ಯಾರೂ ಮೋಸಹೋಗಲಿಲ್ಲ. ಇತಿಹಾಸವೆಂದು ಹೇಳಿ ಕಥೆ ತೋರಿಸುವುದು ಬೇರೆ ಮಾತು. ಇನ್ನು ಆ ಕಾಲದ ಸಾಕ್ಷಿಯೇ ಬೇಕೆಂದರೆ, ಕಾರ್ನ್‌ವಾಲಿಸನ ದಂಡಿನೊಡನೆ ಬಂದ ಚಿತ್ರಕಾರ ರಾಬರ್ಟ್ ಹೋಮ್ 1794ರಲ್ಲಿ ಅಚ್ಚುಹಾಕಿಸಿದ ಮೈಸೂರು ಸೀಮೆಯ ಚಿತ್ರಗಳಲ್ಲಿ ನಮ್ಮ ದುರ್ಗವಿದೆ. ಯಾವ ದಿಕ್ಕಿನಿಂದ ಕಂಡದ್ದೆಂದು ಅಡಿಯಲ್ಲಿ ನಮೂದಿಸಿದೆ. ಗೆದ್ದವರ ಕಡೆಯವನ ಕಣ್ಣು, ನಿಜ. ಆದರೆ ಯಾರ ಕಣ್ಣೆಂಬುದು ನಮಗೆ ಗೊತ್ತು. ಅದನ್ನು ತೋರಿಸಿದ್ದರೆ ಇವರ ಗಂಟೇನು ಹೋಗುತ್ತಿತ್ತು?

ಅಪಾಯ ಇಲ್ಲಿಗೇ ಮುಗಿಯುವುದಿಲ್ಲ. ನಾಳೆ ಇನ್ನೊಬ್ಬರು ಈ ತುಣುಕನ್ನೇ "ಸಾವನದುರ್ಗದ ಹಳೆಯ ದೃಶ್ಯ"ವೆಂದು ಎತ್ತಿಕೊಳ್ಳುತ್ತಾರೆ. ನಾಡಿದ್ದು ಅದೇ ಆಧಾರವಾಗುತ್ತದೆ. ಕನ್ನಡದ ಮೊದಲ ವಾಕ್ಚಿತ್ರ, 1934ರ 'ಸತಿ ಸುಲೋಚನ'ದ ಒಂದು ಪ್ರತಿಯೂ ಇಂದು ನಮ್ಮ ಕೈಯಲ್ಲಿಲ್ಲ. ನಿಜವಾದದ್ದನ್ನು ಕಳೆದುಕೊಂಡ ನಾವು ಸುಳ್ಳನ್ನು ಜೋಪಾನ ಮಾಡಬೇಕೇ?

ನಾನು ಕೇಳುವುದು ತೆರೆಯ ಮೂಲೆಯಲ್ಲಿ ಒಂದೇ ಒಂದು ಸಾಲು: ಎಲ್ಲಿಯದು, ಎಂದಿನದು, ಯಾರು ತೆಗೆದದ್ದು. ನಟಿಸಿದ್ದಾದರೆ ನಟಿಸಿದ್ದೆಂದೇ ಬರೆಯಲಿ. ಸೇರು ತೊಗರಿಬೇಳೆ ಕೊಳ್ಳುವಾಗಲೂ ಯಾವ ಊರಿನದೆಂದು ವಿಚಾರಿಸುವ ನಾವು, ಇತಿಹಾಸ ಕೊಳ್ಳುವಾಗ ಬಾಯಿಮುಚ್ಚಿ ಕೂರುವುದೇಕೆ?

"ಯಾರೂ ತೆಗೆದಿಲ್ಲ, ಮಗು" ಎಂದೆ ಹುಡುಗನಿಗೆ. ಆದರೆ ಆ ಸಂಜೆ ತಾತನಿಲ್ಲದ ಮನೆಗಳಲ್ಲಿ ಎಷ್ಟು ಮಕ್ಕಳು ಅದನ್ನು ನೋಡಿದರೋ!